ಕಳೆದುಹೋಗದ ಅರ್ಜಿ

ಶಿವಮೊಗ್ಗ
17 ನವೆಂಬರ್ 2024, ಭಾನುವಾರ

ಪ್ರೀತಿಯ ಪುಷ್ಪಾ,

ಕ್ಷೇಮ ಸಮಾಚಾರ ಕೇಳುವ ಮುಖ ನನಗಿಲ್ಲ, ಅದಕ್ಕೇ ಕೇಳುತ್ತಿಲ್ಲ. ಭದ್ರಾವತಿಗೆ ಬಂದು ನಿನ್ನ ಎದುರಿಗೆ ಕೂತು ಹೇಳಬೇಕಾದ ಮಾತಿದು. ನಿನ್ನೆ ಹೊರಟೂ ಇದ್ದೆ. ಮಲವಗೊಪ್ಪದಲ್ಲಿ ಇಳಿದು, ಎದುರಿನಿಂದ ಬಂದ ಬಸ್ ಹತ್ತಿ ವಾಪಸ್ ಬಂದೆ. ನನ್ನ ಧೈರ್ಯ ಅಷ್ಟೇ ಮಾರಾಯ್ತಿ.

ಹೋದ ಸೋಮವಾರ ನೀನು ನಮ್ಮ ಆಫೀಸಿಗೆ ಬಂದಿದ್ದೆಯಲ್ಲ. ಪರೀಕ್ಷೆ ಬರೆಯಲು ಹಳೆಯ ಇಲಾಖೆಯ ಅನುಮತಿ ಪಡೆದಿದ್ದಕ್ಕೆ ದಾಖಲೆ ತೋರಿಸದಿದ್ದರೆ ಇಲ್ಲಿ ಮಾಡಿದ ಹದಿನೇಳು ವರ್ಷದ ಸೇವೆ ಲೆಕ್ಕಕ್ಕಿಲ್ಲ, ಹಳೇ ಪಿಂಚಣಿಯೂ ಇಲ್ಲ ಎಂದು ನಿನ್ನ ಹೊಸ ಇಲಾಖೆಯವರು ಪತ್ರ ಕೊಟ್ಟಿದ್ದರು. ಈ ತಿಂಗಳ ಕೊನೆಗೆ ಗಡುವು. "ಅನುಮತಿ ಕೇಳಿದ ನನ್ನ ಅರ್ಜಿ ಹುಡುಕಿಕೊಡೇ ತನು, ನಿನ್ನ ಕೈಯಲ್ಲೇ ಕೊಟ್ಟಿದ್ದೆ" ಎಂದು ನೀನು ಅಂದೆ. ನಾನು ರೆಕಾರ್ಡ್ ರೂಮಿನ ಬೀಗ ತೆಗೆದು, ನಿನ್ನನ್ನೂ ಪಕ್ಕದಲ್ಲಿ ನಿಲ್ಲಿಸಿಕೊಂಡು, ಒಂದು ಗಂಟೆ ಕಡತಗಳ ಧೂಳು ಕೊಡವಿದೆ. ಅಲ್ಲಿಲ್ಲ ಎಂದು ಗೊತ್ತಿದ್ದೇ ಕೊಡವಿದೆ. ಕೊನೆಗೆ ನೀನೇ ಸೋತು, "ನಾನು ಕೊಟ್ಟೇ ಇರ್ಲಿಲ್ವೇನೋ ಕಣೇ, ಆಗ ನನ್ ತಲೆ ನೆಟ್ಟಗಿರ್ಲಿಲ್ಲ. ನಿಂಗೆ ಸುಮ್ನೆ ತೊಂದ್ರೆ ಕೊಟ್ಟೆ" ಎಂದೆ. ಹೋಗುವಾಗ ನನ್ನ ಮೇಜಿನ ಮೇಲೆ ಅಪ್ಪೆಮಿಡಿ ಉಪ್ಪಿನಕಾಯಿ ಬಾಟಲಿ ಇಟ್ಟು ಹೋದೆ. ಅದರ ಮುಚ್ಚಳ ನಾನಿನ್ನೂ ತೆಗೆದಿಲ್ಲ.

ನೀನು ಕೊಟ್ಟಿದ್ದೆ ಪುಷ್ಪಾ. 2020ರ ಫೆಬ್ರವರಿಯಲ್ಲಿ, ಮಧ್ಯಾಹ್ನ ಊಟದ ಡಬ್ಬಿ ಬಿಚ್ಚುತ್ತಿದ್ದಾಗ ಕೊಟ್ಟೆ. ಬೇರೆ ಯಾರೇ ಆಗಿದ್ದರೂ ಟಪಾಲು ವಿಭಾಗದಲ್ಲಿ ಕೊಟ್ಟು, ನಕಲಿನ ಮೇಲೆ ಸೀಲು ಹಾಕಿಸಿಕೊಳ್ಳುತ್ತಿದ್ದರು. ಸಿಬ್ಬಂದಿ ಶಾಖೆಯಲ್ಲಿ ನಾನೇ ಕೂತಿರುವಾಗ ಸೀಲು ಯಾಕೆ ಎಂದು ನೀನು ನಕ್ಕೆ. ನಾವೆಲ್ಲ ಹಾಗೇ ಅಲ್ಲವೇ, ನಮ್ಮವರ ಹತ್ತಿರ ಸ್ವೀಕೃತಿ ಕೇಳಿದರೆ ಅವಮಾನ ಮಾಡಿದ ಹಾಗೆ. ಅದು ನನಗೆ ಅನುಕೂಲವಾಯಿತು.

ಆಗ ನಮ್ಮ ಅಧಿಕಾರಿಯಾಗಿದ್ದ ವಿಶ್ವಾರಾಧ್ಯ ಸಾಹೇಬರು, ಸಿಬ್ಬಂದಿ ಕಡಿಮೆ ಇದ್ದಾರೆ, ಯಾರನ್ನೂ ಬೇರೆ ಇಲಾಖೆಗೆ ಬಿಡುವುದು ಬೇಡ ಎನ್ನುತ್ತಿದ್ದರು. ಬೈಸಿಕೊಳ್ಳಲು ಹೆದರಿ ನಿನ್ನ ಅರ್ಜಿಯನ್ನು ಅವರ ಮುಂದಿಡದೆ ಇಟ್ಟುಕೊಂಡೆ. ನಿನಗೆ ಮಾತ್ರ, ಅದೆಲ್ಲ ಆಗುತ್ತೆ, ನೀನು ಓದಿಕೋ ಎಂದೆ. ನೀನು ಓದಿದೆ, ಆಯ್ಕೆಯೂ ಆದೆ. ಆಮೇಲೆ ನಾನು ಇನ್ನೂ ದೊಡ್ಡ ತಪ್ಪು ಮಾಡಿದೆ. ಅನುಮತಿ ಪಡೆದವರು ಹೊಸ ಹುದ್ದೆಗೆ ಸೇರುವ ಸಲುವಾಗಿ ಎಂದು ಬರೆದು ರಾಜೀನಾಮೆ ಕೊಟ್ಟರೆ ಹಳೆಯ ಸೇವೆ ಅವರ ಜೊತೆಗೇ ಹೋಗುತ್ತದೆ. ಅದು ನಿನ್ನ ಹಕ್ಕಾಗಿತ್ತು. ಹಾಗೆ ಬರೆದರೆ ಅನುಮತಿ ಪತ್ರ ಎಲ್ಲಿ ಎಂದು ಯಾರಾದರೂ ಕೇಳುತ್ತಾರಲ್ಲ, ಅದಕ್ಕೆ ಸ್ವಂತ ಕಾರಣ ಎಂದು ನಾನೇ ಟೈಪ್ ಮಾಡಿ ಮುಂದಿಟ್ಟೆ. ನೀನು ಓದದೇ ಸಹಿ ಹಾಕಿದೆ.

ನಿನ್ನ ಯಜಮಾನರು ಕೆಂಚಪ್ಪನವರು ಕೆಲಸಕ್ಕಿದ್ದ ಕಾರ್ಖಾನೆ ಮುಚ್ಚಿದ ಮೇಲೆ ನಿನ್ನ ಸಂಬಳದಲ್ಲೇ ಮನೆ ನಡೆಯುತ್ತಿರುವುದು ನನಗೆ ಗೊತ್ತಿತ್ತು. ಗೊತ್ತಿದ್ದೂ ಹೀಗೆ ಮಾಡಿದೆ. ನನ್ನ ಮೇಲೆ ನನಗೇ ಹೇಸಿಗೆಯಾಗಿದೆ.

ಅರ್ಜಿ ಕಳೆದಿಲ್ಲ, ನಮ್ಮ ಮನೆಯ ಬೀರುವಿನಲ್ಲಿದೆ. ಮೊದಲ ಪುಟದ ಝೆರಾಕ್ಸ್ ಇದರ ಜೊತೆ ಇಟ್ಟಿದ್ದೇನೆ. ಈ ಪತ್ರವನ್ನು ನಿಮ್ಮ ಅಧಿಕಾರಿಗೂ ತೋರಿಸು, ನಮ್ಮ ಅಧಿಕಾರಿಗೂ ತೋರಿಸು. ನನ್ನ ಮೇಲೆ ವಿಚಾರಣೆ ನಡೆಯುತ್ತದೆ, ನಡೆಯಲಿ. ಮುಲಾಜು ನೋಡಬೇಡ. ಕ್ಷಮಿಸು ಎಂದು ಕೇಳುವುದಿಲ್ಲ. ಕೇಳಿದರೆ ನೀನು ಕ್ಷಮಿಸಿಬಿಡುತ್ತೀಯ, ಅದನ್ನು ತಡೆದುಕೊಳ್ಳುವ ಶಕ್ತಿ ನನಗಿಲ್ಲ.

ಗೆಳತಿ ಎಂದು ಬರೆಯಲು ಕೈ ಬಾರದ,
ತನುಜಾ

ತಾ.ಕ.: ಲಕೋಟೆ ಅಂಟಿಸಿದವಳು ಮತ್ತೆ ಬಿಚ್ಚಿದೆ. ಝೆರಾಕ್ಸ್ ತೆಗೆದು ಮೂಲ ಅರ್ಜಿಯನ್ನೇ ಇಟ್ಟಿದ್ದೇನೆ. ಹಿಂಬದಿ ತಿರುಗಿಸಿ ನೋಡು. ಸಾಹೇಬರ ಬಗ್ಗೆ ಮೇಲೆ ಬರೆದದ್ದು ಸುಳ್ಳು. ಅವರು ಮಾರನೆಯ ದಿನವೇ 'ಅನುಮತಿಸಿದೆ' ಎಂದು ಬರೆದು ಸಹಿ ಹಾಕಿದ್ದರು. ಅದೇ ಪರೀಕ್ಷೆ ಬರೆಯಲು ನಾನೂ ಅನುಮತಿ ಕೇಳಿ ಅರ್ಜಿ ಕೊಟ್ಟಿದ್ದೆ, ನಿನಗೆ ಹೇಳಿರಲಿಲ್ಲ. ಎರಡಕ್ಕೂ ಒಟ್ಟಿಗೇ ಸಹಿಯಾಯಿತು. ನನ್ನ ಅನುಮತಿಯ ಆದೇಶವನ್ನು ಅವತ್ತೇ ಟೈಪ್ ಮಾಡಿಕೊಂಡೆ. ನಿನ್ನದನ್ನು ಮನೆಗೆ ತಂದೆ.