ಯಡವನಾಡಿನ ಮಂಜಿನಲ್ಲಿ ಕಾರು ನಿಂತದ್ದು

ಪ್ರೀತಿಯ ಮಗಳು ಸ್ಪಂದನಾಳಿಗೆ,

ರಜೆ ಮುಗಿಸಿ ನೀನು ಹೊರಟ ಮೇಲೆ ನನಗೆ ಊಟ ಸೇರುತ್ತಿಲ್ಲ. ಫೋನಿನಲ್ಲಿ ಹೇಳಲು ಹೋದರೆ ನೀನು ನಗುತ್ತೀಯ, ಆ ನಗು ಕೇಳಿ ನಾನೂ ಮಾತು ಬದಲಾಯಿಸಿಬಿಡುತ್ತೇನೆ. ಅದಕ್ಕೇ ಬರೆಯುತ್ತಿದ್ದೇನೆ. ಬರುವ ವಾರ ನೀನು ಹೊಸ ಯುದ್ಧವಿಮಾನವನ್ನು ಮೊದಲ ಸಲ ಒಬ್ಬಳೇ ಹಾರಿಸುತ್ತೀಯಲ್ಲ, ಅಷ್ಟರೊಳಗೆ ಇದು ನಿನ್ನ ಕೈಸೇರಬೇಕು.

ಕುಶಾಲನಗರದಲ್ಲಿ ಮೂವರೂ ಹೋಗಿ ನೋಡಿದ ಆ ಸಿನಿಮಾ ನನ್ನ ತಲೆಯಿಂದ ಇಳಿದಿಲ್ಲ. ಶತ್ರುಗಳ ಹತ್ತಿರ ಪೈಲಟ್ಟೇ ಇಲ್ಲದೆ ಹಾರುವ ಯಂತ್ರಗಳು. ನಮ್ಮ ಹೀರೋ ತನ್ನ ವಿಮಾನದ ಕಂಪ್ಯೂಟರನ್ನು ಆಫ್ ಮಾಡಿ, ಬರೀ ಕೈಚಳಕದಿಂದ ಕಣಿವೆಯೊಳಗೆ ನುಗ್ಗಿ ಅವನ್ನೆಲ್ಲ ಉರುಳಿಸುತ್ತಾನೆ. ಮೇಲೇರು, ಮೇಲೇರು ಎಂದು ಎಚ್ಚರಿಸುವ ವಿಮಾನದ ಹೆಣ್ಣುದನಿಯ ಬಾಯಿಯನ್ನು ಅವನು ಒಂದು ಗುಂಡಿ ಒತ್ತಿ ಮುಚ್ಚಿಸಿದಾಗ ಥಿಯೇಟರ್ ತುಂಬ ಸಿಳ್ಳೆ. ನಿಮ್ಮಪ್ಪ ಕೂಡ ಈ ವಯಸ್ಸಿನಲ್ಲಿ ಬಾಯಿಗೆ ಬೆರಳಿಟ್ಟು ಸಿಳ್ಳೆ ಹಾಕಿದರು. ನೀನು ನನ್ನ ಕಿವಿಯಲ್ಲಿ, "ನಮ್ ವಿಮಾನದಲ್ಲೂ ಒಬ್ಳು ಹಿಂಗೇ ಕೂಗ್ತಾಳಮ್ಮ, ತಲೆ ತಿಂತಾಳೆ" ಅಂದೆ. ಆಮೇಲೆ ಸಿನಿಮಾದಲ್ಲಿ ಏನಾಯಿತು ಅಂತ ನನಗೆ ನೆನಪಿಲ್ಲ.

ವಾಪಸ್ ಬರುವಾಗ ಯಡವನಾಡಿನ ಕಾಡಿನಲ್ಲಿ ಮಂಜು ಇಳಿಯಿತು. ನೀನು ಕೊಡಿಸಿದ ಹೊಸ ಕಾರು, ಮುಂದೆ ಏನಾದರೂ ಅಡ್ಡ ಬಂದರೆ ತಾನೇ ಬೀಪ್ ಅನ್ನಬೇಕಾದ್ದು, ಸುಮ್ಮನಿತ್ತು. ಮಂಜಿನಲ್ಲಿ ಅದಕ್ಕೂ ಕಣ್ಣು ಕಾಣಲಿಲ್ಲವೋ ಏನೋ. ನಿಮ್ಮಪ್ಪ ಇದ್ದಕ್ಕಿದ್ದಂತೆ ಬ್ರೇಕ್ ಹಾಕಿದರು. ಮಂಜು ಸ್ವಲ್ಪ ಸರಿದಾಗ ಬಾನೆಟ್ಟಿನ ಎದುರಿಗೇ ಒಂಟಿ ಸಲಗ ರಸ್ತೆಗೆ ಅಡ್ಡ ನಿಂತಿತ್ತು. ಅದು ತನ್ನ ಪಾಡಿಗೆ ಕಾಡಿಗಿಳಿದು ಹೋದ ಮೇಲೆ ನಿಮ್ಮಪ್ಪ ನಿನ್ನ ಕಡೆ ತಿರುಗಿ, "ವಾಸ್ನೆ ಬಂತು ಕಣಮ್ಮ ನಂಗೆ. ಮೆಷಿನ್‌ಗೇನ್ ಮೂಗೈತಾ?" ಅಂದರು. ಜೀವಮಾನವಿಡೀ ಈ ರಸ್ತೆಗಳಲ್ಲಿ ಜೀಪು ಓಡಿಸಿದ ಮನುಷ್ಯ, ನಿನಗೆ ಸ್ಟಿಯರಿಂಗ್ ಹಿಡಿಯಲು ಕಲಿಸಿದವರು. ನೀನು ನಂಬದೆ ಇರುತ್ತೀಯಾ? "ಸಿನಿಮಾದಲ್ಲಿ ಸುಳ್ಳೇನ್ ತೋರ್ಸಿಲ್ಲ ಅಪ್ಪಾಜಿ" ಅಂದೆ. ಆಗಿನ ನಿನ್ನ ಮುಖ ನೋಡಿ ನನಗೆ ಆನೆ ಕಂಡದ್ದಕ್ಕಿಂತ ಹೆಚ್ಚು ಭಯವಾಯಿತು.

ನೀನು ಬಸ್ ಹತ್ತಿದ ಮಾರನೇ ಬೆಳಿಗ್ಗೆ ಅಂಗಳದಲ್ಲಿ ಕರಿಮೆಣಸು ಹರಡುತ್ತಾ ನಾನು ನಿಮ್ಮಪ್ಪನನ್ನು ಕೇಳಿದೆ. ಗಾಜೆಲ್ಲ ಏರಿಸಿತ್ತು, ಎಸಿ ಓಡುತ್ತಿತ್ತು, ವಾಸನೆ ಎಲ್ಲಿಂದ ಬಂತು ಅಂತ. ಅವರು ತಲೆ ಎತ್ತಲಿಲ್ಲ. "ವಾಸ್ನೆನೂ ಇಲ್ಲ, ಎಂಥದೂ ಇಲ್ಲ ಕಣೆ. ರಸ್ತೆ ಕಾಣ್ಲಿಲ್ಲ. ಕೈಕಾಲು ನಡುಗ್ತು, ನಿಲ್ಲಿಸ್ದೆ. ಮಗಳ ಮುಂದೆ ಹೆದ್ರಿಕೆ ಆಯ್ತು ಅಂತ ಹೆಂಗ್ ಹೇಳಾದು? ನೀನೂ ಹೇಳ್ಬೇಡ" ಅಂದರು.

ಹೇಳುತ್ತಿದ್ದೇನೆ. ನಿನ್ನೆದುರು ಅವರ ದೊಡ್ಡಸ್ತಿಕೆ ಹೋದರೆ ಹೋಗಲಿ, ನೀನಿರಬೇಕು.

ವಿಮಾನದ ವಿದ್ಯೆ ನನಗೆ ಗೊತ್ತಿಲ್ಲ. ಯಾವಾಗ ಯಂತ್ರವನ್ನು ನಂಬಬೇಕು, ಯಾವಾಗ ನಿನ್ನ ಕೈಯನ್ನು ನಂಬಬೇಕು ಎಂಬುದನ್ನು ಕಲಿಸಿದವರು ಕಲಿಸಿರುತ್ತಾರೆ. ನನ್ನ ಹೆದರಿಕೆ ಬೇರೆ. ಆಕಾಶದಲ್ಲಿ ಕೈಕಾಲು ನಡುಗಿದಾಗ ನೀನು ಅದನ್ನು ನಿನ್ನಿಂದಲೇ ಮುಚ್ಚಿಟ್ಟುಕೊಳ್ಳುತ್ತೀಯ, ನಿಮ್ಮಪ್ಪನ ಮಗಳಲ್ಲವೇ. ವಿಮಾನದಲ್ಲಿ ಒಂದು ಹಿಡಿ ಎಳೆದರೆ ಸೀಟಿನ ಸಮೇತ ಹೊರಬಿದ್ದು ಪ್ಯಾರಾಚೂಟಿನಲ್ಲಿ ಇಳಿಯಬಹುದು ಅಂತ ನೀನೇ ಅಂದಿದ್ದೆ. ಎಳೆಯಬೇಕಾಗಿ ಬಂದರೆ ಎಳೆದುಬಿಡು. ಅಪ್ಪಾಜಿ ಏನಂದುಕೊಳ್ಳುತ್ತಾರೋ ಅಂತ ಒಂದು ಕ್ಷಣವೂ ಯೋಚಿಸಬೇಡ. ಅವರಿಗೆ ನಾನು ಹೇಳಿಕೊಳ್ಳುತ್ತೇನೆ.

ಧೈರ್ಯವಂತೆಯಾಗು ಅಂತ ಊರಿನವರೆಲ್ಲ ನಿನ್ನನ್ನು ಹರಸಿ ಕಳಿಸಿದ್ದಾರೆ. ಹೆತ್ತವಳಾಗಿ ನಾನು ಹರಸುವುದು ಇಷ್ಟೇ, ಹೆದರಬೇಕಾದ ಹೊತ್ತಿಗೆ ನಿನಗೆ ಹೆದರಿಕೆಯಾಗಲಿ.

ನಿನ್ನ ದಾರಿ ಕಾಯುತ್ತಿರುವ ಅಮ್ಮ,
ವಿಶಾಲಾಕ್ಷಮ್ಮ
ಸೋಮವಾರಪೇಟೆ