ಎರಡನೆಯ ವ್ಯಕ್ತಿ

ಮನೆಯಿಂದ,
ಅಡುಗೆಮನೆಯ ಮೇಜು
ಅಕ್ಟೋಬರ್ ೧೪, ಮಂಗಳವಾರ ಬೆಳಿಗ್ಗೆ

ಪ್ರೀತಿಯ ಯಾಕಮ್ಮಾ,

ಈ ಹೆಸರು ಬರೆದು ಒಂದು ಗಳಿಗೆ ಪೆನ್ನು ಎತ್ತಿ ಕೂತೆ. ಬಾಯಿ ಬಿಟ್ಟರೆ ‘ಯಾಕೆ’ ಎನ್ನುತ್ತಿದ್ದ ನಿನಗೆ ನಿನ್ನ ಅಮ್ಮ ಇಟ್ಟ ಹೆಸರು; ನಾನು ಹಾಗೆ ಕರೆದು ಇಪ್ಪತ್ತು ವರ್ಷದ ಮೇಲಾಗಿರಬೇಕು. ಹೇಗಿದ್ದೀಯ? ಬೆನ್ನು ನೋವು ಕಡಿಮೆಯಾಯಿತೇ? ಡಿಪೋದವರು ಹೊಸ ಕುರ್ಚಿ ಕೊಟ್ಟರೋ ಇಲ್ಲವೋ? ಬಸ್ಸು ಓಡಿಸುವವರಿಗಿಂತ ಬಸ್ಸಿನ ವೇಳಾಪಟ್ಟಿ ಹಾಕುವವರ ಬೆನ್ನೇ ಬೇಗ ಹೋಗುತ್ತದೆ ಎಂದು ನೀನು ಅಮ್ಮನಿಗೆ ಬರೆದಿದ್ದೆಯಂತೆ, ಅವಳು ಓದಿ ಹೇಳಿದಳು. ನಿನ್ನ ಸುದ್ದಿಯೆಲ್ಲ ನನಗೆ ಬರುವುದು ಆ ದಾರಿಯಲ್ಲೇ. ನನಗೆ ನೇರವಾಗಿ ಬರೆದಾಗ ‘ನಾನು ಕ್ಷೇಮ, ನೀವೂ ಕ್ಷೇಮವೆಂದು ನಂಬುತ್ತೇನೆ’ ಎಂಬಲ್ಲಿಗೆ ಮುಗಿಯುತ್ತದೆ. ನನ್ನ ವಿಷಯ ಹೇಳುವುದಾದರೆ, ಹಲ್ಲು ಎರಡು ಹೋದವು, ಮಾತು ಇನ್ನೂ ಹೋಗಿಲ್ಲ. ಬೆಳಿಗ್ಗೆ ಎದ್ದಾಗಲೇ ಸಂಜೆಯ ಸುಸ್ತು ಮೈಮೇಲೆ ಕೂತಿರುತ್ತದೆ, ಅಷ್ಟೇ.

ಅಮ್ಮನ ಮೊಣಕಾಲಿನ ಆಪರೇಷನ್ ಶುಕ್ರವಾರವೇ ಎಂದು ಗಟ್ಟಿಯಾಯಿತು. ಗುರುವಾರ ಸಂಜೆ ಆಸ್ಪತ್ರೆಗೆ ಸೇರಿಸಬೇಕು. ಆರು ವಾರ ಕೋಲು ಹಿಡಿದು ನಡೆಯಬೇಕಂತೆ. ಅವಳಿಗೆ ನೋವಿನ ಚಿಂತೆಗಿಂತ, ಅಷ್ಟು ದಿನ ನನ್ನ ಕೈ ಅಡುಗೆ ತಿನ್ನಬೇಕಲ್ಲ ಎಂಬ ಚಿಂತೆ ಹೆಚ್ಚು. ನೀನು ಗುರುವಾರ ಬರುತ್ತೀಯೆಂದೂ, ಸ್ಟೇಷನ್ ಎದುರಿನ ಲಾಡ್ಜಿನಲ್ಲಿ ಎರಡು ವಾರಕ್ಕೆ ರೂಮು ಹೇಳಿದ್ದೀಯೆಂದೂ, ‘ಮನೆಯಲ್ಲಿ ನಿಮಗೆ ತೊಂದರೆಯಾಗಬಾರದು’ ಎಂದೂ ಬರೆದ ಕಾಗದ ಶನಿವಾರ ಬಂತು. ನಿಜ ಹೇಳಲೇ? ಓದಿದ ಕೂಡಲೇ ನನಗೆ ಅದರಲ್ಲಿ ಏನೂ ವಿಚಿತ್ರ ಕಾಣಲಿಲ್ಲ. ಹುಡುಗಿಗೆ ಎಷ್ಟು ತಿಳಿವಳಿಕೆ ಎಂದುಕೊಂಡೆ. ಬಾಯಲ್ಲಿ ಹೇಳಿಯೂಬಿಟ್ಟೆ. ಅಮ್ಮ ಕಾಲಿಗೆ ಶಾಖ ಕೊಟ್ಟುಕೊಳ್ಳುತ್ತಿದ್ದವಳು ತಲೆಯೆತ್ತಿ ನನ್ನನ್ನೇ ನೋಡಿದಳು. “ನಾನು ಕರೆದ್ರೆ ಅವಳು ಬರ್ತಾಳೆ, ಹೋಗ್ತಾಳೆ. ಈ ಮನೇಲಿ ಉಳೀಬೇಕು ಅಂದ್ರೆ ನೀವು ಕರೀಬೇಕು” ಎಂದಳು. ಕರೆಯದೆಯೂ ಬರುವ ಮಗಳನ್ನು ಯಾಕೆ ಕರೆಯಬೇಕು ಎಂದು ನನಗೆ ಅರ್ಥವಾಗಲಿಲ್ಲ. ಅರ್ಥವಾದದ್ದು ನಿನ್ನೆ.

ನಿನ್ನೆ ಕಾಲೇಜಿನ ನನ್ನ ಕೋಣೆ ಖಾಲಿ ಮಾಡಲು ಹೋಗಿದ್ದೆ. ನಿವೃತ್ತನಾದ ಮೇಲೂ ವಾರಕ್ಕೆ ಎರಡು ಪಾಠ ಕೊಟ್ಟಿದ್ದರಲ್ಲ, ಅದನ್ನೂ ಈ ವರ್ಷದಿಂದ ತೆಗೆದುಹಾಕಿದ್ದಾರೆ. ‘ಸಾಮಾಜಿಕ ಚಿಂತನೆಯ ಇತಿಹಾಸ’ ಎಂಬ ವಿಷಯವೇ ಇನ್ನಿಲ್ಲ. ಅದರ ಜಾಗದಲ್ಲಿ ಜನಾಭಿಪ್ರಾಯ ಸಂಗ್ರಹಿಸುವ ಕೌಶಲ ಕಲಿಸುತ್ತಾರಂತೆ. ಅಭಿಪ್ರಾಯ ಎಲ್ಲಿಂದ ಹುಟ್ಟುತ್ತದೆ ಎಂದು ಯೋಚಿಸುವುದು ಮುಗಿದುಹೋಯಿತು, ಇನ್ನು ಗುಡಿಸಿ ಗೋಣಿಗೆ ತುಂಬಿದರೆ ಸಾಕು. ಜಗಳವಾಡಬೇಕೆಂದು ಮನೆಯಿಂದ ಹೊರಟವನು ಮೆಟ್ಟಿಲು ಹತ್ತುವಷ್ಟರಲ್ಲಿ ಸುಸ್ತಾಗಿ, ಕೇಳಿದ ಕಡೆಯೆಲ್ಲ ಸಹಿ ಹಾಕಿ ಬಂದೆ. ನಿನಗೆ ಗೊತ್ತಿರುವ ಅದೇ ಅಟೆಂಡರ್, ಉದ್ದನೆಯವನು, ಈಗ ಅವನ ತಲೆಯೂ ಬೆಳ್ಳಗಾಗಿದೆ, ಗೋಣಿಚೀಲ ಹಿಡಿದು ನಿಂತಿದ್ದ. ಕಪಾಟಿನಿಂದ ಒಂದೊಂದು ಕಟ್ಟು ತೆಗೆದಾಗಲೂ “ಇಟ್ಕೊಳ್ಳೋದಾ, ಬಿಸಾಕೋದಾ, ಒಂದ್ಮಾತು ಹೇಳ್ಬಿಡಿ ಸಾರ್” ಎನ್ನುತ್ತಿದ್ದ. ನಡುವೆ ಒಮ್ಮೆ, “ಇಷ್ಟು ವರ್ಷ ಸಮಾಜ ಸಮಾಜ ಅಂತ ಪಾಠ ಮಾಡಿದ್ರಲ್ಲ, ಕೊನೆಗೆ ಏನಂತೆ ಸಾರ್ ಅದು?” ಎಂದು ಕೇಳಿದ. ಮೂವತ್ತೆಂಟು ವರ್ಷದಲ್ಲಿ ಯಾವ ವಿದ್ಯಾರ್ಥಿಯೂ ಅಷ್ಟು ನೇರವಾಗಿ ಕೇಳಿರಲಿಲ್ಲ. ನಾನು ಕೆಮ್ಮಿ, ಕೆಳಗಿನ ಖಾನೆಯ ಕೀಲಿಕೈ ಹುಡುಕಿದೆ.

ಆ ಕೆಳಗಿನ ಖಾನೆಯಲ್ಲಿದ್ದದ್ದು ‘ಬಾಡಿಗೆಯವರ ಸಂಜೆ’ಯ ವರದಿಗಳು. ನೆನಪಿದೆಯಲ್ಲ? ನೆನಪಿಲ್ಲದಿರುತ್ತದೆಯೇ. ಪ್ರತಿವರ್ಷ ಎರಡನೆಯ ವರ್ಷದ ಹುಡುಗರಿಗೆ ಕೊಡುತ್ತಿದ್ದ ಅಭ್ಯಾಸ: ಒಂದು ಸಂಜೆ ನಿಮ್ಮ ಮನೆಯಲ್ಲೇ ಬಾಡಿಗೆಗೆ ಬಂದವರ ಹಾಗೆ ಇರಿ. ಬಾಗಿಲು ತಟ್ಟಿ ಒಳಗೆ ಬನ್ನಿ. ನೀರು ಬೇಕಾದರೂ ಕೇಳಿ ಕುಡಿಯಿರಿ. ಮರ್ಯಾದೆಯಿಂದ ಮಾತಾಡಿ, ಸ್ವಂತ ವಿಷಯ ಎತ್ತಬೇಡಿ. ಮನೆಯವರು ಏನು ಮಾಡುತ್ತಾರೆ ನೋಡಿ. ಕೊನೆಗೆ ಇದು ಪಾಠದ ಅಭ್ಯಾಸವೆಂದು ಅವರಿಗೆ ಹೇಳಿ, ಸಮಾಧಾನ ಮಾಡಿ, ಆಮೇಲೆ ವರದಿ ಬರೆಯಿರಿ. ಯಾರೂ ಬರೆದಿಡದ, ಆದರೆ ಎಲ್ಲರೂ ನಂಬಿ ನಡೆಯುವ ನಿಯಮಗಳಿಂದಲೇ ಮನೆ ನಿಂತಿರುತ್ತದೆ. ಅವು ಕಣ್ಣಿಗೆ ಬೀಳುವುದು ಯಾರಾದರೂ ಮುರಿದಾಗ ಮಾತ್ರ. ಇದು ನನ್ನ ಬುದ್ಧಿಯಲ್ಲ, ನಮ್ಮ ಶಾಸ್ತ್ರದಲ್ಲಿ ಹಿಂದಿನವರು ಮಾಡಿ ತೋರಿಸಿದ್ದು. ಪ್ರತಿ ವರದಿಯಲ್ಲೂ ಯಾರಾದರೂ ಒಬ್ಬರು ಸಿಟ್ಟಾಗಿರುತ್ತಿದ್ದರು. ಒಬ್ಬನ ಅಜ್ಜಿ ಡಾಕ್ಟರನ್ನು ಕರೆಸಿದ್ದಳು. ಒಬ್ಬಳ ಅಣ್ಣ “ಯಾರ ಹತ್ರ ಈ ನಾಟಕ ಕಲ್ತೆ” ಎಂದು ತಲೆಗೆ ಮೊಟಕಿದ್ದ. ಆ ಸಿಟ್ಟೇ ಪ್ರೀತಿಯ ಸಾಕ್ಷಿ ಎಂದು ನಾನು ತರಗತಿಯಲ್ಲಿ ಬಹಳ ಚೆನ್ನಾಗಿ ಹೇಳುತ್ತಿದ್ದೆ. ನನಗೇ ಕಣ್ಣು ತೇವವಾಗುತ್ತಿತ್ತು.

ನೀನು ತರಗತಿಯಲ್ಲಿ ಕೂತ ವರ್ಷ ಮಾತ್ರ ನಿಯಮ ಬಿಗಿ ಮಾಡಿದ್ದೆ. ಮಗಳಿಗೆ ಪಕ್ಷಪಾತ ಮಾಡಿದ ಎಂಬ ಮಾತು ಬರಬಾರದೆಂದು, ಎಲ್ಲರೂ ವರದಿಯನ್ನು ಟೈಪ್ ಮಾಡಿಸಿ ಕೊಡಬೇಕು, ಹೆಸರು ಬೇಡ, ಅಟೆಂಡರ್ ಕೊಡುವ ಗುಟ್ಟಿನ ಸಂಖ್ಯೆ ಮಾತ್ರ, ಅಪ್ಪ ಅಮ್ಮ ಎನ್ನದೆ ಮೊದಲನೆಯ ವ್ಯಕ್ತಿ, ಎರಡನೆಯ ವ್ಯಕ್ತಿ ಎಂದು, ತಮ್ಮನ್ನು ‘ವಿಷಯಿ’ ಎಂದು ಬರೆಯಬೇಕು ಎಂದಿದ್ದೆ. ನಿನಗೂ ಹೇಳಿದ್ದೆ, ಗೇಟಿನ ಒಳಗೆ ನಾನು ಅಪ್ಪನಲ್ಲ, ಸಾರ್ ಎಂದು. ಆ ನ್ಯಾಯವಂತಿಕೆಯ ಬಗ್ಗೆ ನನಗೆ ಬಹಳ ಜಂಬವಿತ್ತು. ನಿನ್ನೆ ಆ ವರ್ಷದ ಕಟ್ಟನ್ನು ಗೋಣಿಗೆ ಹಾಕುವ ಮೊದಲು ಸುಮ್ಮನೆ ಬಿಚ್ಚಿದೆ. ಹದಿನೇಳನೆಯ ಸಂಖ್ಯೆ. ಮೂರು ಪುಟ, ಪಿನ್ನು ತುಕ್ಕು ಹಿಡಿದಿತ್ತು.

‘ಊಟದ ಮೇಜಿನ ಒಂದು ಕಾಲು ಗಿಡ್ಡ. ಅದರ ಅಡಿ ಮಡಚಿದ ರಟ್ಟು ಇದೆ’ ಎಂದು ಶುರುವಾಗುತ್ತದೆ. ನಾನು ಈಗ ಈ ಕಾಗದ ಬರೆಯುತ್ತಿರುವುದು ಆ ಮೇಜಿನ ಮೇಲೆಯೇ. ರಟ್ಟು ಬದಲಾಗಿದೆ, ಕಾಲು ಅದೇ. ಮೊದಲನೆಯ ವ್ಯಕ್ತಿ, ವಿಷಯಿ ನೀರು ಕುಡಿಯಲು ಅನುಮತಿ ಕೇಳಿದ ಕೂಡಲೇ ಬಂದು ಹಣೆ ಮುಟ್ಟಿ ನೋಡಿದರು. ಎರಡನೆಯ ಸಲ ಕೇಳಿದಾಗ ಒಲೆ ಆರಿಸಿ, “ನನ್ನಿಂದ ಏನು ತಪ್ಪಾಯ್ತು ಹೇಳೇ” ಎಂದು ಅತ್ತರು. ಆದ್ದರಿಂದ ಅವರಿಗೆ ಏಳು ನಿಮಿಷಕ್ಕೇ ಸತ್ಯ ಹೇಳಬೇಕಾಯಿತು. ಎರಡನೆಯ ವ್ಯಕ್ತಿ ಮೇಜಿನಲ್ಲಿ ಓದುತ್ತಿದ್ದರು. ‘ನಾನು ಇಲ್ಲಿ ಕೂರಬಹುದೇ’ ಎಂದು ಕೇಳಿದಾಗ ಕಣ್ಣೆತ್ತದೆ “ಕೂತ್ಕೊಳ್ಳಿ” ಎಂದರು. ಉಪ್ಪು ಕೇಳಿದಾಗ ಕೊಟ್ಟರು. ‘ಊಟ ಚೆನ್ನಾಗಿತ್ತು, ಧನ್ಯವಾದ’ ಎಂದಾಗ “ಪರವಾಗಿಲ್ಲ” ಎಂದರು. ದಿನವೂ ವಿಷಯಿ ಫ್ರಿಜ್ಜಿನ ಬಾಗಿಲು ತೆರೆದು ಯೋಚಿಸುತ್ತಾ ನಿಂತರೆ ಇವರು ಬೈಯುತ್ತಿದ್ದರು. ಅಂದು ಕೇಳಿ ತೆರೆದದ್ದರಿಂದ ಬೈಯಲಿಲ್ಲ. ಒಂದು ಸಂಜೆಯ ಅಭ್ಯಾಸವನ್ನು ಇವರಿಗಾಗಿ ನಾಲ್ಕು ದಿನ ಮುಂದುವರಿಸಲಾಯಿತು. ನಾಲ್ಕನೆಯ ದಿನ ಅವರು ಮೊದಲನೆಯ ವ್ಯಕ್ತಿಗೆ, “ಇತ್ತೀಚೆಗೆ ಮನೆ ಎಷ್ಟು ನೆಮ್ಮದಿಯಾಗಿದೆ ನೋಡು” ಎಂದರು.

ಯಾಕಮ್ಮಾ, ಕುಂಬಳಕಾಯಿ ಕಳ್ಳ ಎಂದರೆ ಕದ್ದವನು ಹೆಗಲನ್ನಾದರೂ ಮುಟ್ಟಿ ನೋಡಿಕೊಳ್ಳುತ್ತಾನೆ. ನಾನು ಅಂದು ಇದನ್ನು ಪೂರ್ತಿ ಓದಿ, ಹತ್ತಕ್ಕೆ ಐದು ಅಂಕ ಹಾಕಿ, ಕೆಂಪು ಶಾಯಿಯಲ್ಲಿ ಬರೆದಿದ್ದೇನೆ: ‘ಎರಡನೆಯ ವ್ಯಕ್ತಿ ನಂಬುವ ಹಾಗಿಲ್ಲ. ಇಷ್ಟು ಗಮನವಿಲ್ಲದ ಮನುಷ್ಯ ಯಾವ ಮನೆಯಲ್ಲೂ ಇರಲಾರ. ಸುಮ್ಮನೆ ಕೂತು ಕಲ್ಪಿಸಿ ಬರೆದದ್ದು. ಮುಂದಿನ ಸಲ ನಿಜವಾಗಿ ಮಾಡಿ.’ ಅಂಕ ನೋಡಿಕೊಳ್ಳಲು ವರದಿಗಳನ್ನು ಒಂದು ದಿನ ನಿಮ್ಮ ಕೈಗೆ ಕೊಟ್ಟು ವಾಪಸು ತೆಗೆದುಕೊಳ್ಳುತ್ತಿದ್ದೆನಲ್ಲ, ಆ ಕೆಂಪು ಸಾಲನ್ನು ನೀನು ಓದಿರುತ್ತೀಯ. ಓದಿ ಮನೆಗೆ ಬಂದು ನನ್ನ ಎದುರಿಗೇ ಊಟ ಮಾಡಿರುತ್ತೀಯ. ನನ್ನನ್ನು ‘ನೀವು’ ಎನ್ನತೊಡಗಿದ್ದು ಆಗಿನಿಂದಲೇ ಇರಬೇಕು. ಮಗಳು ದೊಡ್ಡವಳಾದಳು, ಗಂಭೀರಳಾದಳು ಎಂದು ನಾನು ಸ್ನೇಹಿತರ ಹತ್ತಿರ ಹೇಳಿಕೊಂಡು ತಿರುಗಿದೆ.

ಅಟೆಂಡರ್ ಕುರ್ಚಿ ಎಳೆದು ಕೊಟ್ಟ, ಕೂತೆ. ಹಳೆಯ ಪಾಠವೆಲ್ಲ ತಲೆಯಲ್ಲಿ ಸುತ್ತಿತು. ಸಮಾಜವನ್ನು ಕಲ್ಲು ನೋಡಿದ ಹಾಗೆ ದೂರ ನಿಂತು ನೋಡು, ಆಗ ಅದರ ಆಕಾರ ಗೊತ್ತಾಗುತ್ತದೆ ಎಂದ ಒಂದು ಗುಂಪು. ಒಳಗೆ ಹೋಗಿ ಇವನು ಯಾಕೆ ಹೀಗೆ ಮಾಡಿದ ಎಂದು ಕೇಳದಿದ್ದರೆ ನೀನು ನೋಡಿದ್ದು ನೋಡಿದ್ದೇ ಅಲ್ಲ ಎಂದ ಇನ್ನೊಂದು ಗುಂಪು. ಇಬ್ಬರ ಜಗಳವನ್ನು ನೂರು ವರ್ಷದ ಕಥೆಯಾಗಿ ಹೇಳಿ ನಾನು ಹೊಟ್ಟೆ ಹೊರೆದೆ. ಪರೀಕ್ಷೆಯಲ್ಲಿ ಎರಡೂ ಕಡೆ ಸಮನಾಗಿ ಬರೆಯಿರಿ ಎನ್ನುತ್ತಿದ್ದೆ. ಮನೆಯಲ್ಲಿ ಮಾತ್ರ ದೂರ ನಿಂತವರ ಗುಂಪಿನಲ್ಲೇ ಉಳಿದೆ. ‘ಯಾಕೆ’ ಎನ್ನುವ ಗುಂಪು ನೀನೊಬ್ಬಳೇ, ನಿನ್ನ ಬಾಯನ್ನೂ ಮುಚ್ಚಿಸಿದೆ. ನಿನ್ನ ಅಮ್ಮ ಹೇಳುತ್ತಿದ್ದಳು, “ಇವರಿಗೆ ಇಡೀ ಸಮಾಜ ಕಾಣ್ಸುತ್ತೆ, ಮುಂದಿರೋ ಉಪ್ಪಿನ ಡಬ್ಬಿ ಕಾಣಲ್ಲ” ಎಂದು. ನಾನು ಅದನ್ನು ಹೊಗಳಿಕೆ ಎಂದುಕೊಂಡಿದ್ದೆ. ಬಹಳ ನಾಚಿಕೆಯಾಗುತ್ತಿದೆ, ಮಗಳೇ. ನಾಚಿಕೆಪಡುವುದಕ್ಕೂ ಒಂದು ವಯಸ್ಸು ಬೇಕು. ನನಗೆ ಅದೂ ತಡವಾಗಿ ಬಂತು.

ಮನೆಗೆ ಬಂದು ಅಮ್ಮನ ಮುಂದೆ ಆ ಮೂರು ಪುಟ ಇಟ್ಟೆ. ಅವಳು ಕನ್ನಡಕ ಕೂಡ ಹಾಕಿಕೊಳ್ಳಲಿಲ್ಲ. “ಇವತ್ತು ಸಿಕ್ತಾ?” ಎಂದಳು. ಮೊದಲ ವಾರ ನನಗೆ ಹೇಳಬೇಕೆಂದಿದ್ದಳಂತೆ. ಅವರೇ ಕೇಳಲಿ ಎಂದು ನೀನು ತಡೆದೆಯಂತೆ. “ಆಮೇಲೆ ನೀವಿಬ್ರೂ ಹಾಗೇ ಒಗ್ಗಿಹೋದ್ರಿ. ನಂಗೂ ಸಾಕಾಗಿ ಸುಮ್ಮನಾದೆ” ಎಂದಳು. ನನಗೆ ಸಿಟ್ಟು ಬರಬೇಕಿತ್ತು. ಬರಲಿಲ್ಲ. ಚಹಾ ಮಾಡಿ ಇಬ್ಬರೂ ಕುಡಿದೆವು.

ಇರಲಿ. ಗುರುವಾರ ನಿನ್ನ ರೈಲು ಎಷ್ಟು ಹೊತ್ತಿಗೆ ಎಂದು ಫೋನು ಮಾಡಿ ತಿಳಿಸಿದರೆ ಸ್ಟೇಷನ್ನಿಗೆ ಬರುತ್ತೇನೆ. ನಿನ್ನ ಕೋಣೆಯಲ್ಲಿ ಅಮ್ಮನ ಹೊಲಿಗೆ ಮೆಷಿನ್ ಇದೆ, ಅದನ್ನು ಸರಿಸಬಹುದು. ಲಾಡ್ಜಿನ ವಿಷಯ ನಿನ್ನ ಅನುಕೂಲಕ್ಕೆ ಬಿಟ್ಟದ್ದು, ನನ್ನ ಒತ್ತಾಯವೇನೂ ಇಲ್ಲ. ನಿನಗೆ ಹೇಗೆ ಸರಿ ಕಾಣುತ್ತದೋ ಹಾಗೆ ಮಾಡು. ಬೆನ್ನಿಗೆ ಬಿಸಿನೀರಿನ ಶಾಖ ಕೊಡುವುದನ್ನು ಬಿಡಬೇಡ. ನಿನ್ನ ಬಸ್ಸುಗಳೆಲ್ಲ ಹೊತ್ತಿಗೆ ಸರಿಯಾಗಿ ಹೊರಡಲಿ, ನಿನಗೆ ಒಳ್ಳೆಯ ನಿದ್ದೆ ಬರಲಿ ಎಂದು ಹರಸುವ,

ನಿನ್ನ ಅಪ್ಪ

ಮರೆತದ್ದು: ಅಮ್ಮ ಕಾಗದ ಓದಿ, ಕೊನೆಯ ಪ್ಯಾರಾದ ಮೇಲೆ ಬೆರಳಿಟ್ಟು, “ಇದೂ ಬಾಡಿಗೆಯವರಿಗೆ ಬರೆದ ಹಾಗೇ ಇದೆಯಲ್ರೀ” ಎಂದು ನನ್ನ ಕಡೆ ತಳ್ಳಿದಳು. ಅಂಚೆಯವನು ಹತ್ತು ಗಂಟೆಗೆ ಬರುತ್ತಾನೆ, ಅವನ ಕೈಗೆ ಕೊಟ್ಟರೆ ಮಾತ್ರ ನಾಳೆ ನಿನಗೆ ಸಿಗುತ್ತದೆ, ಹರಿದು ಬೇರೆ ಬರೆಯಲು ಹೊತ್ತಿಲ್ಲ. ಮೂರನೆಯ ಪುಟದ ಹಿಂಬದಿ ನೀನು ಪೆನ್ಸಿಲಿನಲ್ಲಿ ಬರೆದದ್ದು ಇವತ್ತು ಬೆಳಕಿಗೆ ಹಿಡಿದಾಗ ಕಂಡಿತು: ‘ಎರಡನೆಯ ವ್ಯಕ್ತಿಗೆ ಇನ್ನೂ ಹೇಳಿಲ್ಲ. ಅವರು ಯಾಕೆಂದು ಕೇಳಿದ ದಿನ ಹೇಳಿ ಮುಗಿಸುತ್ತೇನೆ.’ ಇಪ್ಪತ್ತೊಂದು ವರ್ಷವಾಯಿತು. ಕೇಳುತ್ತಿದ್ದೇನೆ ಮಗಳೇ, ಯಾಕೆ ನನ್ನ ಹತ್ತಿರ ಹೀಗೆ ಮಾತಾಡುತ್ತೀಯ? ಇನ್ನು ಮುಗಿಸು. ಲಾಡ್ಜಿನವರಿಗೆ ರೂಮು ಬೇಡ ಎಂದು ಈ ಕಾಗದ ಸಿಕ್ಕ ಕೂಡಲೇ ಹೇಳು. ಹೊಲಿಗೆ ಮೆಷಿನ್ ಆಗಲೇ ಸರಿಸಿ ಆಯಿತು, ಸೊಂಟ ಹಿಡಿದಿದೆ. ಗುರುವಾರ ಬಾಗಿಲು ತಟ್ಟಬೇಡ, ತಳ್ಳಿಕೊಂಡು ಬಾ. ಬಂದವಳೇ ಯಾರನ್ನೂ ಕೇಳದೆ ಫ್ರಿಜ್ ತೆರೆದು ನಿಂತುಕೋ, ನಾನು ಬೈಯುತ್ತೇನೆ.