ಮೊದಲ ದಿನದ ಬೀಗದಕೈ

ಪೂಜ್ಯ ಅತ್ತಿಗೆಯವರಿಗೆ, ಬೈಗುಳಕ್ಕೆ ಈಗಲೇ ತಲೆ ಬಾಗಿಸಿ ಕೂತಿರುವ ನಿಮ್ಮ ಮೈದುನನ ನಮಸ್ಕಾರಗಳು.

ಲಕೋಟೆ ದಪ್ಪಗಿದೆ ಎಂದು ಗಾಬರಿಯಾಗಬೇಡಿ. ಒಳಗಿರುವುದು ಮೂರೇ: ಈ ಕಾಗದ, ಒಂದು ಅರ್ಜಿ, ಹಳೆಯ ರಿಜಿಸ್ಟರಿನ ಒಂದು ಹಾಳೆಯ ನಕಲು. ಅರ್ಜಿಯನ್ನು ಕಡೆಗೆ ನೋಡಿ. ಎದುರಿಗೆ ಕೂತು ಹೇಳಲು ಹೊರಟರೆ ಅರ್ಧ ದಾರಿಯಲ್ಲೇ ನೀವು "ಸಾಕು ಸಾಕು, ಕೈ ತೊಳ್ಕೊ, ತಟ್ಟೆ ಹಾಕ್ತೀನಿ" ಎಂದು ನನ್ನ ಬಾಯಿ ಮುಚ್ಚಿಸುತ್ತೀರಿ. ಇಪ್ಪತ್ತೆರಡು ವರ್ಷದಿಂದ ಹಾಗೇ ಆಗಿದೆ. ಅದಕ್ಕೇ ಬರೆಯುತ್ತಿದ್ದೇನೆ.

ಹೋದ ವಾರ ನಮ್ಮ ಗೋದಾಮಿಗೆ ಮೀಸೆ ಕ್ಯಾಪ್ಟನ್ ಬಂದಿದ್ದರು. ಗುಡ್ಡ ಕುಸಿದು ಕೆಳಗಿನ ಬೀದಿಗಳು ಮಣ್ಣಿನಡಿ ಹೋದಾಗ ಶಾಲೆಯಲ್ಲಿ ಪರಿಹಾರ ಕೇಂದ್ರ ನಡೆಸಿದವರು. ಈಗ ನಿವೃತ್ತರು, ಮೀಸೆಯೂ ಅರ್ಧ ನಿವೃತ್ತಿ ತೆಗೆದುಕೊಂಡಿದೆ. ಗೋಡೆಯ ಮೇಲೆ ಚೌಕಟ್ಟು ಹಾಕಿಸಿಟ್ಟಿದ್ದ ನನ್ನ ಸೇವಾ ಪದಕವನ್ನು ನೋಡಿದರು. ಕಂಚಿನ ಬಿಲ್ಲೆ, ಬಿಳಿ ನೀಲಿ ಪಟ್ಟಿ. ಮಣ್ಣು ಅಗೆದ ಸಿಪಾಯಿಗೂ ಅದೇ, ಕಂಬಳಿ ಎಣಿಸಿದ ನನಗೂ ಅದೇ. ಆಮೇಲೆ ಕೇಳಿದರು: "ಮೊದಲನೇ ದಿನ ಕಂಬಳಿಗೆ ಅಂತ ಸ್ಟೋರಿಗೆ ಹೋದ್ರೆ, ಸಹಿ ಹಾಕದೆ ಒಂದೂ ಕೊಡಲ್ಲ ಅಂತ ಒಬ್ಬ ಅಮ್ಮ ನನ್ನನ್ನ ಬಾಗಿಲಲ್ಲೇ ನಿಲ್ಲಿಸಿದ್ರಲ್ಲ, ಸೊಂಟದಲ್ಲಿ ಬೀಗದಕೈ ಗೊಂಚಲು. ಅವರು ತಮ್ಮ ಪದಕ ಎಲ್ಲಿ ತೂಗುಹಾಕಿದ್ದಾರೆ?"

ಬರೀ ಮಾತಿನ ಬಲದಿಂದ ಮೂರು ಗೋದಾಮು ಎಬ್ಬಿಸಿದವನು ನಾನು. ಆಗ ಬಾಯಿಗೆ ಬಂದದ್ದು "ಟೀ ಕುಡೀತೀರಾ" ಒಂದೇ. ಟೀ ತರಿಸಿದೆ. ಅದು ಆರಿ ಕೆನೆಗಟ್ಟಿತು.

ಆ ದಿನ ನಿಮಗೆ ಮರೆತಿರಲಿಕ್ಕಿಲ್ಲ. ಅಣ್ಣ ಹಡಗಿನ ಕೆಲಸದಲ್ಲಿ ದೂರ. ನಾನು ಪುರಸಭೆಯ ಸ್ಟೋರ್ ಕೀಪರ್, ಸೇರಿ ನಾಲ್ಕು ತಿಂಗಳು. ಪಕ್ಕದ ಗುಡ್ಡವೂ ಜಾರುತ್ತದಂತೆ ಎಂಬ ಸುದ್ದಿ ಕಿವಿಗೆ ಬಿದ್ದದ್ದೇ ತಡ, ತಲೆತನಕ ಹೊದ್ದು ಜ್ವರ ಎಂದೆ. ನೀವು ಹಣೆ ಮುಟ್ಟಿ ನೋಡಿದಿರಿ. ತಣ್ಣಗಿತ್ತು. ಮೊಳೆಯಿಂದ ಸ್ಟೋರಿನ ಬೀಗದಕೈ ಗೊಂಚಲು ತೆಗೆದು ಸೊಂಟಕ್ಕೆ ಸಿಕ್ಕಿಸಿಕೊಂಡು, "ಜ್ವರ ಇಳಿದ ಮೇಲೆ ಬಾ ದೊರೆ" ಎಂದು ಹೊರಟುಹೋದಿರಿ.

ನಕಲು ಹಾಳೆ ನೋಡಿ. ಗುಂಡಗಿನ ನಿಮ್ಮ ಅಕ್ಷರ: "ಕಂಬಳಿ ನಲವತ್ತು. ಲಾಟೀನು ಹನ್ನೊಂದು. ಹಂಡೆ ಮೂರು, ಒಂದಕ್ಕೆ ಹಿಡಿ ಇಲ್ಲ." ಕೆಳಗೆ ನನ್ನ ಹೆಸರಿನ ಸಹಿ, ಅದೂ ನಿಮ್ಮ ಕೈಯದೇ. ನಾನು ಎಂದೂ ಅಷ್ಟು ಚೆಂದ ಸಹಿ ಮಾಡಿದವನಲ್ಲ.

ಮಾರನೆಯ ಬೆಳಿಗ್ಗೆ ನಾಚಿಕೆಯೇ ನನ್ನನ್ನು ಎಬ್ಬಿಸಿ ಕಳಿಸಿತು. ನೀವು ಗೊಂಚಲು ನನ್ನ ಕೈಗಿಟ್ಟು ಕೇಂದ್ರದ ಅಡುಗೆಗೆ ನಿಂತಿರಿ. ಸಿಪಾಯಿಗಳ ಸಾಲಿಗೆ ನಿಮ್ಮ ಆಜ್ಞೆ ಇನ್ನೂ ಕಿವಿಯಲ್ಲಿದೆ: "ತಮ್ಮಂದಿರಾ, ಸಲಿಕೆ ಹೊರಗಿಟ್ಟು ಕೈ ತೊಳೆದು ಬನ್ನಿ. ಗುಡ್ಡಾನ ಹಂಡೆಗೆ ಹಾಕಬೇಡಿ." ಕ್ಯಾಪ್ಟನ್ನರೂ ತೊಳೆದೇ ಬಂದರು. ಹತ್ತನೆಯ ದಿನ ಸಂಜೆ ಒಬ್ಬಳು ಬಸುರಿಗೆ ನೋವು ಬಂತು. ಅವಳ ಕೈ ಹಿಡಿದು ನೀವೂ ಸೇನೆಯ ಲಾರಿ ಹತ್ತಿದಿರಿ. ಹಿಂದೆಯೇ ರಸ್ತೆ ಮುಚ್ಚಿತು. ನೀವು ವಾಪಸಾಗುವಷ್ಟರಲ್ಲಿ ಹನ್ನೆರಡು ದಿನ ತುಂಬಿ ಕೇಂದ್ರವೇ ಮುಗಿದಿತ್ತು.

ಆಮೇಲೆ ಪದಕಕ್ಕೆ ಪಟ್ಟಿ ಕೇಳಿದರು. ಕ್ಯಾಪ್ಟನ್ನರಿಗೆ ಅಷ್ಟರಲ್ಲಿ ವರ್ಗವಾಗಿತ್ತು. ಪಟ್ಟಿ ಬರೆದವನು ನಾನು. ಸ್ಥಳದಲ್ಲಿ ಹತ್ತು ದಿನ ಇದ್ದವರಿಗೆ ಮಾತ್ರ ಎಂದು ನಿಯಮ. ಹಾಜರಿಯಲ್ಲಿ ನಿಮ್ಮದು ಒಂಬತ್ತು. ಹತ್ತನೆಯದು ಆ ಮೊದಲ ದಿನ. ಅದು ನನ್ನ ಹೆಸರಿನಲ್ಲಿತ್ತು. ಪೆನ್ನು ಹಿಡಿದು ಕೂತಿದ್ದ ನನ್ನನ್ನು ನೋಡಿ ನೀವೇ ಹೇಳಿದಿರಿ: "ಒಂಬತ್ತೇ ಬರಿ. ಹೊಸ ಕೆಲಸ ನಿಂದು, ಹೋದೀತು. ನಾನೇನು ಆ ಬಿಲ್ಲೆ ಚುಚ್ಕೊಂಡು ಒಲೆ ಊದಲಾ?" ನಾನು ನಕ್ಕೆ. ಆ ನಗು ತಮಾಷೆಗೆ ಬಂದದ್ದಲ್ಲ ಅತ್ತಿಗೆ, ಬಚಾವಾದೆ ಎಂದು ಬಂದದ್ದು.

ನನಗೆ ಆ ದಿನ ಬಿಟ್ಟರೂ ಹನ್ನೊಂದು ದಿನ ಇತ್ತು. ಪದಕಕ್ಕೆ ಅದು ನನಗೆ ಬೇಕಿರಲಿಲ್ಲ, ನಿಮಗೆ ಬೇಕಿತ್ತು. ಕೆಲಸ ಉಳಿಸಿಕೊಳ್ಳಲು ಬೇಕಿತ್ತು ಎನ್ನೋಣವೆಂದರೆ, ಆ ಕೆಲಸವನ್ನು ಎರಡೇ ವರ್ಷಕ್ಕೆ ನಾನಾಗಿ ಬಿಟ್ಟೆ. ಬಿಟ್ಟ ಮೇಲೂ ಬಾಯಿ ಬಿಡಲಿಲ್ಲ. ಸಮಾರಂಭದಲ್ಲಿ ನನ್ನ ಬಗ್ಗೆ "ಮೊದಲ ದಿನದಿಂದ ಕೊನೆಯ ದಿನದವರೆಗೆ" ಎಂದು ಓದಿದಾಗ ಎಲ್ಲರಿಗಿಂತ ಜೋರಾಗಿ ಚಪ್ಪಾಳೆ ತಟ್ಟಿದವರು ನೀವು. ಪಿನ್ನು ಚುಚ್ಚಿ ಅಂಗಿಯಲ್ಲಿ ಆದ ತೂತನ್ನು, ಅದೇ ಬಣ್ಣದ ದಾರ ಹುಡುಕಿ, ಹೊಲಿದುಕೊಟ್ಟವರೂ ನೀವೇ. ಆ ಹೊಲಿಗೆ ಹೊರಗಿನವರಿಗೆ ಕಾಣುವುದಿಲ್ಲ. ನನಗೆ ಮಾತ್ರ ಅಂಗಿ ತೆಗೆದಾಗಲೆಲ್ಲ ಮೊದಲು ಅದೇ ಕಾಣುತ್ತದೆ.

ಎಲ್ಲವನ್ನೂ ಕ್ಯಾಪ್ಟನ್ನರಿಗೆ ಹೇಳಿದೆ. ಬಹಳ ಹೊತ್ತು ಮೀಸೆ ಸವರಿದರು. "ಬಿಟ್ಟುಹೋದ ಹೆಸರನ್ನ ಈಗಲೂ ಸೇರಿಸ್ತಾರೆ. ಪಟ್ಟಿ ಬರೆದವನೂ ಅಧಿಕಾರಿಯೂ ಬರೆದುಕೊಡಬೇಕು ಅಷ್ಟೇ. ನಂದು ನಾನು ಬರೀತೀನಿ, ನಿಂದು ನೀನು ಬರಿ" ಎಂದರು. ಬರೆದೆ. ಮೊದಲ ದಿನ ನಾನು ಮನೆಯಲ್ಲಿ ಮಲಗಿದ್ದೆ, ಜ್ವರ ಇರಲಿಲ್ಲ ಎಂದೇ ಬರೆದೆ. ಚೌಕಟ್ಟನ್ನು ಗೋಡೆಯಿಂದ ಇಳಿಸಿ ಮನೆಗೆ ತಂದೆ. ಯಾಕೆ ಎಂದು ಮಕ್ಕಳು ಕೇಳಿದರು, ಹೇಳಿದೆ. ಚಿಕ್ಕವಳು "ದೊಡ್ಡಮ್ಮಂದು ಬಿಟ್ಟು ನಿಂದು ಬರ್ಕೊಂಡ್ಯಾ?" ಎಂದಳು. ಎರಡು ದಿನ ನನ್ನ ಜೊತೆ ಮಾತಾಡಲಿಲ್ಲ. ನಿಮ್ಮ ಕೈಯಲ್ಲಿ ಬೆಳೆದವಳಲ್ಲವೇ.

ಈಗ ಅರ್ಜಿ ತೆರೆಯಿರಿ. ಪೆನ್ಸಿಲಿನಲ್ಲಿ ಗುರುತು ಹಾಕಿದ ಕಡೆ ನಿಮ್ಮ ಸಹಿ ಬೇಕು, ಈ ಸಲ ನಿಮ್ಮ ಹೆಸರಿನದು. ಅದಿಲ್ಲದೆ ನಾವಿಬ್ಬರೂ ಬರೆದದ್ದು ಬರೀ ಕಾಗದ. ಮೈದುನನ ಮರ್ಯಾದೆ ಏನಾದೀತು ಎಂದು ನೀವು ಇದನ್ನು ಹಿಟ್ಟಿನ ಡಬ್ಬಿಯ ಕೆಳಗೆ ಸೇರಿಸುತ್ತೀರಿ ಎಂಬ ಭಯ ನನಗಿದೆ. ಸೇರಿಸಬೇಡಿ. ಇಷ್ಟು ವರ್ಷ ನನ್ನ ಮಾನ ಕಾದಿರಿ. ಈ ಒಂದು ಸಲ ಕಾಯಬೇಡಿ.

ಭಾನುವಾರ ಬಂದು ಅರ್ಜಿ ತೆಗೆದುಕೊಂಡು ಹೋಗುತ್ತೇನೆ. ಮನಸ್ಸು ತುಂಬ ಬೈಯಿರಿ, ಆಮೇಲೆ ತಲೆಯ ಮೇಲೆ ಕೈ ಇಟ್ಟು ಹರಸಿ. ಹಣೆಯನ್ನೂ ಒಮ್ಮೆ ಮುಟ್ಟಿ ನೋಡಿ.

ಜ್ವರ ಇಳಿದ ಮೇಲೆ ಬರುತ್ತಿರುವ,
ನಿಮ್ಮ ದೊರೆ